ಅಂಕಿಯ ವೇಷದ ಅಕ್ಷರಗಳು: ರೋಮನ್ ಲಿಪಿಯ ಅರಬ್ಬಿ ಹುಡುಕಾಟವನ್ನು ಓದುವ ಬಗೆ



ಭಾಷೆಗೂ ಮಾಹಿತಿ ವಿಜ್ಞಾನಕ್ಕೂ ನಂಟಿರುವ ಒಂದು ವಿಷಯವನ್ನು ವರ್ಷಕ್ಕೊಮ್ಮೆ ಸಾರ್ವಜನಿಕರ ಮುಂದಿಡಬೇಕೆಂಬುದು ಈ ದತ್ತಿ ಉಪನ್ಯಾಸದ ಉದ್ದೇಶ. ಈ ಸಲ ನಾನು ಆರಿಸಿಕೊಂಡಿರುವುದು ಅರಬ್ಬಿ ಮಾತನ್ನು ರೋಮನ್ ಲಿಪಿಯಲ್ಲಿ ಬರೆದು ಅಂತರ್ಜಾಲದಲ್ಲಿ ಹುಡುಕುವವರ ಸಮಸ್ಯೆಯನ್ನು. ಅವರು ಬರೆದದ್ದನ್ನು ಓದಬೇಕಾದ ಯಂತ್ರದ ಸಮಸ್ಯೆ ಎಂದರೂ ಸರಿಯೇ. ಆಮಂತ್ರಣ ಪತ್ರಿಕೆ ನೋಡಿದ ಗೆಳೆಯರೊಬ್ಬರು ‘ಕನ್ನಡದ ಸಭೆಯಲ್ಲಿ ಅರಬ್ಬಿಯ ಕಾಗುಣಿತ ಯಾಕಪ್ಪ’ ಎಂದರು. ನ್ಯಾಯವಾದ ಪ್ರಶ್ನೆ. ತನ್ನದಲ್ಲದ ಲಿಪಿಯಲ್ಲಿ ತನ್ನ ನುಡಿಯನ್ನು ಬರೆಯುವ ಕೆಲಸವನ್ನು ನಾವೂ ದಿನವೂ ಮಾಡುತ್ತೇವೆ. ಆದರೆ ಆ ಕೆಲಸದ ತೊಡಕುಗಳೆಲ್ಲ ಅರಬ್ಬಿಯಲ್ಲಿ ಕಾಣುವಷ್ಟು ಸ್ಪಷ್ಟವಾಗಿ ಬೇರೆಡೆ ಕಾಣುವುದಿಲ್ಲ. ಹೀಗಾಗಿ ಅಲ್ಲಿಂದಲೇ ಹೊರಡುವುದು ಲೇಸು.

ನನ್ನ ಮಾತಿನ ಎಲ್ಲೆಯನ್ನು ಮೊದಲೇ ಹೇಳಿಬಿಡುತ್ತೇನೆ. ಅರಬ್ಬಿಯ ಈ ರೋಮನ್ ಬರಹ ಹೇಗೆ ಹುಟ್ಟಿತು ಎಂಬುದನ್ನು ಚುಟುಕಾಗಿ ನೋಡೋಣ. ಅದು ಯಾಕೆ ಗೊಂದಲ ಹುಟ್ಟಿಸುತ್ತದೆ ಎಂಬುದರ ಬಳಿ ಹೆಚ್ಚು ಹೊತ್ತು ನಿಲ್ಲೋಣ. ಆಮೇಲೆ ಯಂತ್ರ ಅದನ್ನು ಹೇಗೆ ಓದುತ್ತದೆ, ಎಲ್ಲಿ ಅತಿಜಾಣತನ ತೋರಿ ಎಡವುತ್ತದೆ ಎಂಬುದಕ್ಕೆ ಬರೋಣ. ಕೊನೆಗೆ ಕೊಲ್ಲಿ ದೇಶಗಳಲ್ಲಿ ದುಡಿಯುವ ನಮ್ಮವರ ಬಗ್ಗೆ ಎರಡು ಮಾತು.

ಬರವಣಿಗೆಯ ಒಂದೆರಡು ರೂಢಿಗಳನ್ನೂ ಒಪ್ಪಿಕೊಳ್ಳೋಣ. ಹುಡುಕುವವರು ಪೆಟ್ಟಿಗೆಯಲ್ಲಿ ಟೈಪ್ ಮಾಡುವ ಸಾಲನ್ನು ನಾನು ‘ಹುಡುಕುಸಾಲು’ ಎಂದು ಕರೆಯುತ್ತೇನೆ. ರೋಮನ್ ಅಕ್ಷರಗಳಿರುವ ಕಡೆ ಈ ಮುದ್ರಿತ ಪಠ್ಯದಲ್ಲಿ ಕನ್ನಡ ಅಕ್ಷರಗಳನ್ನೇ ಇಟ್ಟಿದ್ದೇನೆ. ಅಂಕಿಗಳನ್ನು ಮಾತ್ರ ಬರೆದವರು ಬರೆದ ಹಾಗೆಯೇ ಬಿಟ್ಟಿದ್ದೇನೆ, ಏಕೆಂದರೆ ಇಲ್ಲಿ ಅಂಕಿಗಳೇ ಅಕ್ಷರಗಳು.

ಈಗ ಮೊದಲ ವಿಷಯ. ಗಣಕಗಳ ಅಕ್ಷರಸಂಕೇತಕ್ಕೆ ಅಡಿಪಾಯವಾದ ಆಸ್ಕಿ ಪಟ್ಟಿ 1963ರಲ್ಲಿ ಪ್ರಕಟವಾಯಿತು. ಏಳು ಬಿಟ್ಟುಗಳ ಆ ಪಟ್ಟಿಯಲ್ಲಿ ಇದ್ದದ್ದು 128 ಸ್ಥಾನ. ಇಂಗ್ಲಿಷಿಗೆ ಅಷ್ಟು ಸಾಕಿತ್ತು. ಬಲದಿಂದ ಎಡಕ್ಕೆ ಹರಿಯುವ, ನೆರೆಯ ಅಕ್ಷರ ನೋಡಿ ರೂಪ ಬದಲಿಸುವ 28 ಅಕ್ಷರಗಳ ಅರಬ್ಬಿಗೆ ಅಲ್ಲಿ ಎಡೆಯಿರಲಿಲ್ಲ. ಅರಬ್ಬಿಯನ್ನು ಒಳಗೊಂಡ ಯುನಿಕೋಡಿನ ಮೊದಲ ಆವೃತ್ತಿ ಬಂದದ್ದು 1991ರಲ್ಲಿ. ಅದು ಮನೆಮನೆಯ ಯಂತ್ರಗಳಿಗೆ ಇಳಿಯಲು ಇನ್ನೂ ಹಲವು ವರ್ಷ ಹಿಡಿಯಿತು. ಅಷ್ಟರಲ್ಲಿ ಕೈರೋ, ಬೈರೂತ್, ಅಮ್ಮಾನ್‌ಗಳ ಹುಡುಗ ಹುಡುಗಿಯರಿಗೆ ಮೊಬೈಲು ಬಂದಿತ್ತು, ಹರಟೆಯ ಕೋಣೆಗಳು ತೆರೆದಿದ್ದವು. ಅವರು ಕಾಯಲಿಲ್ಲ, ಇದ್ದ ಕೀಲಿಮಣೆಯಲ್ಲೇ ಬರೆದರು. ಹಣದ ಲೆಕ್ಕವೂ ಇತ್ತೆನ್ನಿ. ರೋಮನ್ ಅಕ್ಷರಗಳಲ್ಲಾದರೆ ಒಂದು ಎಸ್ಸೆಮ್ಮೆಸ್ಸಿಗೆ 160 ಅಕ್ಷರ ಹಿಡಿಸುತ್ತಿತ್ತು. ಅರಬ್ಬಿ ಲಿಪಿಗೆ ಬದಲಾದ ಕೂಡಲೇ ಅದು 70ಕ್ಕೆ ಇಳಿಯುತ್ತಿತ್ತು. ಅಂದರೆ ತಾಯ್ನುಡಿಯ ಲಿಪಿಯಲ್ಲಿ ಬರೆಯುವವನು ಅದೇ ಮಾತಿಗೆ ಎಷ್ಟೋ ಸಲ ಹೆಚ್ಚು ತೆರಬೇಕಾಗಿತ್ತು.

ರೋಮನ್ ಲಿಪಿಯಲ್ಲಿ ಇಲ್ಲದ ಉಲಿಗಳಿಗೆ ಅವರು ಅಂಕಿಗಳನ್ನು ಹಿಡಿದುಕೊಂಡರು. ಗಂಟಲಿನ ಆಳದಿಂದ ಬರುವ ಐನ್ ಎಂಬ ಅಕ್ಷರವನ್ನು ಕನ್ನಡಿಯಲ್ಲಿ ನೋಡಿದರೆ 3ರಂತೆ ಕಾಣುತ್ತದೆ, ಆದ್ದರಿಂದ ಅದು 3. ಗಂಟಲನ್ನು ಬಿಗಿಹಿಡಿದು ಉಸುರುವ ಹಾ ಅಕ್ಷರಕ್ಕೆ 7. ಮಾತಿನ ನಡುವೆ ಉಸಿರು ತಡೆದು ಬಿಡುವ ಹಮ್ಝಾಕ್ಕೆ 2. ಖಾ ಅಕ್ಷರಕ್ಕೆ 5. ಅರಬ್ಬಿಯಲ್ಲಿ ಐದಕ್ಕೆ ‘ಖಮ್ಸಾ’ ಎನ್ನುವುದರಿಂದ ಈ ಆಯ್ಕೆ ಎಂದು ಅಲ್ಲಿಯವರು ಹೇಳುವುದುಂಟು. ಈ ಬರಹಕ್ಕೆ ಅರಬಿ ಮತ್ತು ಇಂಗ್ಲೀಝಿ ಸೇರಿ ‘ಅರಬೀಝಿ’ ಎಂಬ ಹೆಸರಾಯಿತು. ಈಜಿಪ್ಟಿನಲ್ಲಿ ‘ಫ್ರಾಂಕೊ’ ಎನ್ನುತ್ತಾರೆ. ಇನ್ನೊಂದು ತಮಾಷೆ ಇದೆ. ಭಾರತದಿಂದ ಅರಬ್ಬರಿಗೆ, ಅರಬ್ಬರಿಂದ ಯುರೋಪಿಗೆ ಹೋದ ಅಂಕಿಗಳು ಅಲ್ಲಿ ರೂಪ ಬದಲಿಸಿಕೊಂಡು ಅರಬ್ಬರ ಬಳಿಗೇ ಮರಳಿ ಬಂದು ಈ ಸಲ ಅಕ್ಷರಗಳಾಗಿ ಕೂತವು.

ಲಿಪಿ ಬದಲಿಸುವ ಯೋಚನೆ ಅರಬ್ಬರಿಗೆ ಹೊಸದೇನಲ್ಲ ಎಂಬುದನ್ನೂ ಇಲ್ಲಿ ಸೇರಿಸಬೇಕು. 1940ರ ದಶಕದಲ್ಲಿ ನ್ಯಾಯವೇತ್ತ ಅಬ್ದುಲ್ ಅಝೀಝ್ ಫಹ್ಮಿ ಕೈರೋದ ಅರಬ್ಬಿ ಭಾಷಾ ಅಕಾಡೆಮಿಯ ಮುಂದೆ ಲ್ಯಾಟಿನ್ ಅಕ್ಷರಗಳ ಪ್ರಸ್ತಾಪ ಇಟ್ಟರು. ಅದು ಒಪ್ಪಿಗೆಯಾಗಲಿಲ್ಲ. ಲೆಬನಾನಿನ ಕವಿ ಸಯೀದ್ ಅಕ್ಲ್ ತಾವೇ ರೂಪಿಸಿದ ಲ್ಯಾಟಿನ್ ವರ್ಣಮಾಲೆಯಲ್ಲಿ 1961ರಲ್ಲಿ ‘ಯಾರಾ’ ಎಂಬ ಸಂಕಲನ ತಂದರು. ಹಿಂಬಾಲಿಸಿದವರು ಹೆಚ್ಚಿಲ್ಲ. ಮಾಲ್ಟಾ ದ್ವೀಪದ ಕಥೆ ಬೇರೆ. ಅರಬ್ಬಿಯಿಂದ ಕವಲೊಡೆದ ಮಾಲ್ಟೀಸ್ ನುಡಿಗೆ ಬರಹಗಾರರ ಸಂಘವೊಂದು 1924ರಲ್ಲಿ ಲ್ಯಾಟಿನ್ ಅಕ್ಷರಮಾಲೆ ಗೊತ್ತುಮಾಡಿತು, 1934ರಲ್ಲಿ ಅದು ಅಧಿಕೃತವಾಯಿತು. ಹೀಗಾಗಿ ಮಾಲ್ಟೀಸಿನಲ್ಲಿ ಒಂದು ಪದಕ್ಕೆ ಒಂದು ಕಾಗುಣಿತ. ಅರಬೀಝಿಗೆ ಅಂಥ ಸಂಘವಿಲ್ಲ, ಅಕಾಡೆಮಿಯಿಲ್ಲ, ನಿಘಂಟಿಲ್ಲ. ಕವಿಗೂ ನ್ಯಾಯವೇತ್ತನಿಗೂ ಆಗದ್ದನ್ನು ಮೊಬೈಲು ಹಿಡಿದ ಮಕ್ಕಳು ಯಾರನ್ನೂ ಕೇಳದೆ ಮಾಡಿಬಿಟ್ಟರು. ಯಾರನ್ನೂ ಕೇಳದ್ದರಿಂದಲೇ ಒಬ್ಬೊಬ್ಬರದು ಒಂದೊಂದು ರೀತಿಯಾಯಿತು. ಭಾಷೆ ಕೆಟ್ಟಿತು ಎಂಬ ಗೋಳು ಅಲ್ಲೂ ಇದೆ. ಅದರೊಳಕ್ಕೆ ನಾನು ಹೋಗುವುದಿಲ್ಲ.

ಈಗ ಎರಡನೆಯ ವಿಷಯಕ್ಕೆ, ಅಂದರೆ ಗೊಂದಲದ ಮೂಲಕ್ಕೆ ಬರುತ್ತೇನೆ. ಒಂದೇ ಒಂದು ಹುಡುಕುಸಾಲನ್ನು ಮುಂದಿಟ್ಟುಕೊಂಡು ನಿಧಾನವಾಗಿ ಬಿಡಿಸೋಣ. ಯಾರೋ ಒಬ್ಬರು ‘ಫುಂದುಕ್ ಕರೀಬ್ ಮಿನ್ ಅಲ್ ಹರಮ್’ ಎಂದು ರೋಮನ್ ಅಕ್ಷರಗಳಲ್ಲಿ ಟೈಪ್ ಮಾಡಿದ್ದಾರೆ ಎನ್ನಿ. ‘ಹರಮ್‌ಗೆ ಹತ್ತಿರದ ಹೋಟೆಲು’ ಎಂಬುದು ಇದರ ಅರ್ಥ. ವ್ಯಾಕರಣದಲ್ಲಿ ತಪ್ಪಿಲ್ಲ, ಕೇಳಿದ್ದೇನು ಎಂಬುದೂ ಗೊತ್ತಾಗುತ್ತದೆ. ಆದರೆ ಹರಮ್ ಎಂದರೆ ಯಾವುದು?

ಸಾದಾ ಹಾ ಇಟ್ಟು ಓದಿದರೆ ಹರಮ್ ಎಂದರೆ ಪಿರಮಿಡ್ಡು. ಕೈರೋ ಪಕ್ಕದ ಗೀಝಾದಲ್ಲಿ ಪಿರಮಿಡ್ಡುಗಳ ಕಡೆಗೆ ಹೋಗುವ ದೊಡ್ಡ ಬೀದಿಯ ಹೆಸರೇ ಹರಮ್ ಬೀದಿ, ಆ ಬಡಾವಣೆಯೂ ಹರಮ್. ಗಂಟಲಿನ ಹಾ ಇಟ್ಟು ಓದಿದರೆ ಹರಮ್ ಎಂದರೆ ಪವಿತ್ರ ಆವರಣ. ಮಾತಿನಲ್ಲಿ ಹೆಚ್ಚಾಗಿ ಮೆಕ್ಕಾದ ಮಹಾಮಸೀದಿ. ಗಂಟಲಿನ ಹಾ ಇಟ್ಟು ಎರಡನೆಯ ಸ್ವರವನ್ನು ಎಳೆದರೆ ಹರಾಮ್, ಅಂದರೆ ನಿಷಿದ್ಧ. ಅರಬ್ಬಿ ಲಿಪಿಯಲ್ಲಿ ಇವು ಮೂರೂ ಬೇರೆಬೇರೆಯಾಗಿ ಕಾಣುತ್ತವೆ, ಓದುಗನಿಗೆ ಸಂಶಯವೇ ಬರುವುದಿಲ್ಲ. ರೋಮನ್ ಲಿಪಿಗೆ ಬಂದೊಡನೆ ಮೂರೂ ಒಂದೇ ಐದು ಅಕ್ಷರಗಳ ಪದವಾಗಿಬಿಡುತ್ತವೆ. ಬರೆದವರು 7 ಹಾಕಿದ್ದರೆ ಪಿರಮಿಡ್ಡು ಪಟ್ಟಿಯಿಂದ ಹೊರಬೀಳುತ್ತದೆ. ಹಾಕದಿದ್ದರೆ ಏನೂ ಗೊತ್ತಾಗುವುದಿಲ್ಲ, ಏಕೆಂದರೆ 7 ಹಾಕದೆ ಬರೆಯುವವರು ಧಾರಾಳವಾಗಿದ್ದಾರೆ.

ತೊಡಕು ಇಲ್ಲಿಗೂ ಮುಗಿಯುವುದಿಲ್ಲ. ಮೆಕ್ಕಾದ ಮಸೀದಿಯ ವಿಧಿವತ್ತಾದ ಹೆಸರು ‘ಅಲ್ ಮಸ್ಜಿದ್ ಅಲ್ ಹರಾಮ್’. ಅಲ್ಲಿ ದೀರ್ಘವೇ ಇದೆ, ಅರ್ಥ ಮಾತ್ರ ಪವಿತ್ರ ಎಂದು. ಅಂದರೆ ದೀರ್ಘ ಕಂಡ ಕೂಡಲೇ ನಿಷೇಧ ಎಂದು ತೀರ್ಮಾನಿಸುವಂತಿಲ್ಲ. ಮೆಕ್ಕಾ, ಮದೀನಾ ಎರಡರ ಮಸೀದಿಗಳನ್ನೂ ಕೂಡಿಸಿ ‘ಹರಮೈನ್’, ಎರಡು ಹರಮ್‌ಗಳು, ಎನ್ನುವುದುಂಟು. ಜೆರುಸಲೇಮಿನಲ್ಲಿ ‘ಅಲ್ ಹರಮ್ ಅಶ್ ಶರೀಫ್’ ಇದೆ. ಹೋಟೆಲು ಬೇಕಾದದ್ದು ಗೀಝಾದಲ್ಲೋ ಮೆಕ್ಕಾದಲ್ಲೋ ಮದೀನಾದಲ್ಲೋ ಜೆರುಸಲೇಮಿನಲ್ಲೋ? ಯಾತ್ರಿಕನನ್ನು ಪ್ರವಾಸಿಯೆಂದು ತಿಳಿದು ಪಿರಮಿಡ್ಡಿನ ನೋಟವಿರುವ ಕೋಣೆ ತೋರಿಸಿದರೆ ಅವನು ನಕ್ಕು ಮತ್ತೆ ಹುಡುಕಿಯಾನು. ‘ಇದು ಹರಾಮ್ ಹೌದೋ ಅಲ್ಲವೋ’ ಎಂದು ಧರ್ಮಸಂಕಟದಲ್ಲಿ ಕೇಳಿದವನಿಗೆ ಹೋಟೆಲುಗಳ ಪಟ್ಟಿ ಕೊಟ್ಟರೆ ನಗು ಬರಲಿಕ್ಕಿಲ್ಲ.

ಇಂಥ ಜೋಡಿಗಳು ಅರಬ್ಬಿಯಲ್ಲಿ ಬೇಕಾದಷ್ಟು. ಅದಕ್ಕೆ ಕಾರಣ ಆ ಭಾಷೆಯ ಉಲಿಗಳ ಏರ್ಪಾಟು. ಸಾದಾ ತ, ದ, ಸ ಉಲಿಗಳಿಗೆ ಪ್ರತಿಯಾಗಿ ನಾಲಿಗೆಯ ಬುಡವನ್ನು ಹಿಂದಕ್ಕೆಳೆದು ನುಡಿಯುವ ‘ದಪ್ಪ’ ತ, ದ, ಸ ಇವೆ. ರೋಮನ್ ಬರಹದಲ್ಲಿ ದಪ್ಪ ತೆಳು ಎರಡಕ್ಕೂ ಹೆಚ್ಚಾಗಿ ಒಂದೇ ಅಕ್ಷರ. ತೆಳು ಸ ಇಟ್ಟರೆ ಸೂರಾ, ಕುರಾನಿನ ಅಧ್ಯಾಯ. ದಪ್ಪ ಸ ಇಟ್ಟರೆ ಚಿತ್ರ, ಫೋಟೊ. ‘ಸೂರತ್ ಮರಿಯಮ್’ ಎಂದು ಹುಡುಕಿದವರು ಕುರಾನಿನ 19ನೆಯ ಅಧ್ಯಾಯವನ್ನು ಕೇಳುತ್ತಿದ್ದಾರೋ ಮರಿಯಮ್ ಎಂಬ ನಟಿಯ ಫೋಟೊವನ್ನೋ? ಬರೀ ‘ಸೂರತ್’ ಎಂದರೆ ನಮ್ಮ ಗುಜರಾತಿನ ಊರೂ ಸಾಲಿಗೆ ಬಂದು ನಿಲ್ಲುತ್ತದೆ. ಮೂಲದಲ್ಲಿ ಬೇರೆಬೇರೆ ಸ ಇರುವ ಬೇಸಗೆಯೂ ಕತ್ತಿಯೂ ಇಲ್ಲಿ ‘ಸೈಫ್’ ಆಗುತ್ತವೆ. ಅಂಜೂರವೂ ಜೇಡಿಮಣ್ಣೂ ‘ತೀನ್’. ‘ಹಮಾಮ್’ ಎಂದು ಹುಡುಕುವ ಮೊರೊಕ್ಕೊದವನಿಗೆ ಬೇಕಾದದ್ದು ಸ್ನಾನಗೃಹ. ಈಜಿಪ್ಟಿನ ಗೃಹಿಣಿಗೆ ಬೇಕಾದದ್ದು ಬಹುಶಃ ಮಸಾಲೆ ತುಂಬಿದ ಪಾರಿವಾಳದ ಅಡುಗೆ. ಕೇವಲ ಒಂದು ಮಕಾರದ ಒತ್ತಿನ ವ್ಯತ್ಯಾಸ, ಅದನ್ನು ಟೈಪ್ ಮಾಡುವಾಗ ಯಾರು ಲೆಕ್ಕಿಸುತ್ತಾರೆ?

ಉಲಿಯ ಮಾತಾಯಿತು. ಇನ್ನು ಪ್ರದೇಶದ ಮಾತು. ಮೊರೊಕ್ಕೊದಿಂದ ಒಮಾನ್‌ವರೆಗೆ ಬರೆಯುವ ಶಿಷ್ಟ ಅರಬ್ಬಿ ಹೆಚ್ಚುಕಡಿಮೆ ಒಂದೇ, ಆಡುವ ಅರಬ್ಬಿ ಊರಿಗೊಂದು. ಅರಬೀಝಿಯಲ್ಲಿ ಜನ ಬರೆಯುವುದು ಆಡುವುದನ್ನೇ. ಕಾಫಿಗೆ ಶಿಷ್ಟದಲ್ಲಿ ಕಹ್ವಾ. ಕೈರೋದಲ್ಲಿ ಅದರ ಮೊದಲ ಉಲಿ ಉಸಿರುತಡೆಯಾಗಿ ‘2ಅಹ್ವಾ’ ಆಗುತ್ತದೆ. ಕೊಲ್ಲಿಯಲ್ಲಿ ‘ಗಹ್ವಾ’. ಮೊರೊಕ್ಕೊದಲ್ಲಿ ‘9ಅಹ್ವಾ’. ಇಲ್ಲಿ 9 ಬಂದದ್ದು ಕಾಫ್ ಎಂಬ ಅಕ್ಷರಕ್ಕೆ ಬದಲಾಗಿ. ಆದರೆ ಕೊಲ್ಲಿಯ ಹುಡುಗರ ಕೈಯಲ್ಲಿ ಅದೇ 9 ದಪ್ಪ ಸಕಾರ. ‘9ಬಾ7’ ಎಂದರೆ ಸಬಾಹ್, ಮುಂಜಾನೆ. ಅಂದರೆ ಅಂಕಿಗೂ ಊರು ಇದೆ. ಫ್ರೆಂಚರ ಆಳ್ವಿಕೆ ಕಂಡ ಉತ್ತರ ಆಫ್ರಿಕಾದಲ್ಲಿ ಶಕಾರವನ್ನು ಫ್ರೆಂಚಿನ ಹಾಗೆ ಸಿ ಮತ್ತು ಎಚ್ ಸೇರಿಸಿ ಬರೆಯುತ್ತಾರೆ. ಬಗ್ದಾದಿನಲ್ಲೂ ಕುವೈತಿನಲ್ಲೂ ಅದೇ ಎರಡು ಅಕ್ಷರ ಚಕಾರವಾಗಿ ಓದಿಸಿಕೊಳ್ಳುತ್ತವೆ, ಏಕೆಂದರೆ ಅಲ್ಲಿ ಕಲ್ಬ್, ಅಂದರೆ ನಾಯಿ, ‘ಚಲ್ಬ್’ ಆಗುತ್ತದೆ. ನಾಯಿಯ ಮಾತು ಬಂದದ್ದಕ್ಕೆ ಹೇಳುತ್ತೇನೆ: ಹೃದಯಕ್ಕೂ ರೋಮನ್ ಬರಹದಲ್ಲಿ ಎಷ್ಟೋ ಸಲ ‘ಕಲ್ಬ್’ ಎಂದೇ ಬರುತ್ತದೆ. ಪ್ರೇಮಗೀತೆ ಹುಡುಕುವವರ ಪಾಡನ್ನು ನೀವೇ ಊಹಿಸಿ.

ಹಾಡೆಂದ ಮೇಲೆ ಈಜಿಪ್ಟಿನ ಗಾಯಕಿ ಉಮ್ಮ್ ಕುಲ್ಸುಮ್ ಅವರನ್ನು ನೆನೆಯದೆ ಮುಂದೆ ಹೋಗಲಾಗದು. 1964ರಲ್ಲಿ ಮುಹಮ್ಮದ್ ಅಬ್ದುಲ್ ವಹಾಬ್ ರಾಗ ಸಂಯೋಜನೆಯಲ್ಲಿ ಅವರು ಹಾಡಿದ ‘ಇನ್ತ ಉಮ್ರಿ’ ಅರಬ್ ಜಗತ್ತನ್ನೆಲ್ಲ ಸೆಳೆದ ಹಾಡು. ಹುಡುಕುವವರು ಅದನ್ನು ‘ಎನ್ತಾ ಒಮ್ರಿ’ ಎನ್ನುತ್ತಾರೆ, ‘ಇನ್ತ 3ಉಮ್ರಿ’ ಎನ್ನುತ್ತಾರೆ, ‘ಎಂಟಾ ಓಮ್ರಿ’ಯನ್ನೂ ಬಿಟ್ಟಿಲ್ಲ. ಗಾಯಕಿಯ ಹೆಸರಂತೂ ಇನ್ನೂ ಚೆನ್ನಾಗಿದೆ. ಶಿಷ್ಟ ಉಚ್ಚಾರದ ‘ಕುಲ್ಥೂಮ್’ ಈಜಿಪ್ಟಿನ ಬಾಯಲ್ಲಿ ‘ಕಲ್ಸೂಮ್’, ಫ್ರೆಂಚ್ ಬಲ್ಲವರ ಬರಹದಲ್ಲಿ ‘ಊಮ್ ಕಲ್ಥೂಮ್’. ಮೂರೂ ರೂಪಗಳನ್ನು ಧ್ವನಿಮುದ್ರಿಕೆಗಳ ಹೊದಿಕೆಯ ಮೇಲೆಯೇ ಕಾಣಬಹುದು. ಲಿಬಿಯಾದ ಗದ್ದಾಫಿಯವರ ಹೆಸರಿಗೆ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ಮೂವತ್ತಕ್ಕೂ ಹೆಚ್ಚು ರೋಮನ್ ರೂಪಗಳನ್ನು ಪಟ್ಟಿಮಾಡಿತ್ತು. ಗ್ರಂಥಪಾಲಕರಿಗೆ ಈ ತಲೆನೋವು ಅಂತರ್ಜಾಲಕ್ಕಿಂತ ಹಳೆಯದು ಎಂದು ಈ ಸಭೆಯ ಗ್ರಂಥಾಲಯ ಮಿತ್ರರು ಒಪ್ಪುತ್ತಾರೆಂದು ನಂಬಿದ್ದೇನೆ.

ಗೊಂದಲದ ಮೂರನೆಯ ಮೂಲ ಇಂಗ್ಲಿಷಿನ ಜೊತೆಗಿನ ಡಿಕ್ಕಿ. ಅರಬ್ಬಿಯಲ್ಲಿ ‘ಲೌ’ ಎಂದರೆ ‘ಒಂದು ವೇಳೆ, ಹಾಗಿದ್ದರೆ’ ಎಂಬ ಅರ್ಥದ ಪದ. ರೋಮನ್ನಿನಲ್ಲಿ ಬರೆದಾಗ ಅದು ಇಂಗ್ಲಿಷಿನ ಕಾನೂನು. ‘ಮೆನ್’ ಎಂದರೆ ‘ಇಂದ’, ಇಂಗ್ಲಿಷಿನಲ್ಲಿ ಗಂಡಸರು. ‘ಬೆಂಟ್’ ಎಂದು ಬರೆದದ್ದು ಬಿಂತ್, ಅಂದರೆ ಹುಡುಗಿ, ಇಂಗ್ಲಿಷಿನಲ್ಲಿ ಬಗ್ಗಿದ್ದು. ಸಾಲು ಚಿಕ್ಕದಾದಷ್ಟೂ ಇದು ಯಾವ ಭಾಷೆ ಎಂದು ಗುರುತಿಸುವುದೇ ಕಷ್ಟವಾಗುತ್ತದೆ. ಅಂಕಿಗಳು ಸಹಾಯ ಮಾಡುತ್ತವೆ ಎಂದುಕೊಂಡರೆ ಅವೂ ಕೈಕೊಡುತ್ತವೆ. ಶಾಲೆಯ ಹುಡುಗನೊಬ್ಬ ಗಣಿತದ ಪುಸ್ತಕದ ಉತ್ತರಗಳನ್ನು ಹುಡುಕುತ್ತ ‘7ಅಲ್ ಕಿತಾಬ್ ರಿಯಾದಿಯಾತ್ ಸಫ್ 3’ ಎಂದು ಬರೆಯುತ್ತಾನೆ. ಮೊದಲ 7 ಅಕ್ಷರ. ‘ಹಲ್’ ಎಂದರೆ ಪರಿಹಾರ. ಕೊನೆಯ 3 ನಿಜವಾಗಿಯೂ ಮೂರು, ಮೂರನೆಯ ತರಗತಿ. ಒಂದೇ ಸಾಲಿನಲ್ಲಿ ಒಂದು ಅಂಕಿ ವೇಷ ಹಾಕಿದೆ, ಇನ್ನೊಂದು ಹಾಕಿಲ್ಲ.

ಇನ್ನು ಮೂರನೆಯ ವಿಷಯ: ಯಂತ್ರ ಏನು ಮಾಡುತ್ತದೆ? ಇದರ ಹಿಂದಿರುವ ವಿಚಾರ ಸರಳವಾದದ್ದು. ಕ್ಲಾಡ್ ಶಾನನ್ 1948ರಲ್ಲಿ ಮಂಡಿಸಿದ ಸಂವಹನ ಸಿದ್ಧಾಂತದಲ್ಲಿ ಅದರ ಬೇರಿದೆ. ಗದ್ದಲದ ಫೋನಿನಲ್ಲಿ ಅರ್ಧಂಬರ್ಧ ಕೇಳಿಸಿದ ಮಾತನ್ನು ನಾವು ಹೇಗೆ ಊಹಿಸಿಕೊಳ್ಳುತ್ತೇವೋ ಹಾಗೆ: ಕೇಳಿಸಿದ್ದು ಇದು, ಆಡಿದ್ದು ಯಾವುದಿರಬಹುದು? ಎರಡು ಸಂಗತಿಗಳನ್ನು ತೂಗಬೇಕು. ಆ ಮಾತನ್ನು ಜನ ಎಷ್ಟು ಸಲ ಆಡುತ್ತಾರೆ ಎಂಬುದು ಒಂದು. ಆ ಮಾತು ಹೀಗೆ ಕೇಳಿಸುವ ಸಂಭವ ಎಷ್ಟು ಎಂಬುದು ಇನ್ನೊಂದು. ಕೆವಿನ್ ನೈಟ್ ಮತ್ತು ಜೋನಥನ್ ಗ್ರೇಲ್ ಈ ದಾರಿಯಲ್ಲಿ ಜಪಾನಿ ಬರಹದಲ್ಲಿ ರೂಪ ಬದಲಿಸಿದ ಇಂಗ್ಲಿಷ್ ಪದಗಳನ್ನು ಮೂಲಕ್ಕೆ ಮರಳಿಸಿ 1998ರಲ್ಲಿ ಪ್ರಕಟಿಸಿದರು. ಆಮೇಲಿನ ಲಿಪ್ಯಂತರ ಸಂಶೋಧನೆಯ ಬಹುಪಾಲು ಅದರ ನೆರಳಿನಲ್ಲಿ ಬೆಳೆಯಿತು.

ನಮ್ಮ ಹರಮ್‌ಗೆ ಇದನ್ನು ಹೊಂದಿಸಿ ನೋಡೋಣ. ಮೊದಲ ಅಕ್ಷರ ಎರಡು ಹಾಗಳಲ್ಲಿ ಯಾವುದಾದರೂ ಇರಬಹುದು. ಎರಡು ಸ್ವರಗಳಲ್ಲಿ ಒಂದೊಂದೂ ಹ್ರಸ್ವವಿರಬಹುದು, ದೀರ್ಘವಿರಬಹುದು. ಅರಬ್ಬಿ ಬರಹದಲ್ಲಿ ಹ್ರಸ್ವ ಸ್ವರ ಸಾಮಾನ್ಯವಾಗಿ ಕಾಣಿಸುವುದಿಲ್ಲ, ದೀರ್ಘ ಕಾಣಿಸುತ್ತದೆ. ಎರಡು, ಎರಡು, ಎರಡು ಗುಣಿಸಿದರೆ ಎಂಟು ಸಂಭಾವ್ಯ ಕಾಗುಣಿತ. ಅವುಗಳಲ್ಲಿ ಹೆಚ್ಚಿನವನ್ನು ನಿಘಂಟು ತಳ್ಳಿಹಾಕುತ್ತದೆ, ಉಳಿದವು ಹಿಂದೆ ಹೇಳಿದ ಮೂರು. ಹರಮ್ ಐದೇ ಅಕ್ಷರದ ಪದ. ಅರಬ್ಬಿಯಲ್ಲಿ ‘ಮತ್ತು’, ‘ಗೆ’, ‘ಅವನ’ ಎಂಬಂಥವು ಪದಕ್ಕೇ ಅಂಟಿಕೊಳ್ಳುವುದರಿಂದ ನಿಜವಾದ ಸಾಲುಗಳಲ್ಲಿ ಈ ಎಣಿಕೆ ಬೇಗ ನೂರಾರಕ್ಕೆ ಹೋಗುತ್ತದೆ. ಅರಬ್ಬಿ ಲಿಪಿಗೆ ತಂದ ಮೇಲೂ ಕೆಲಸ ಮುಗಿಯುವುದಿಲ್ಲ. ಅಲಿಫ್ ಅಕ್ಷರದ ಮೇಲಿನ ಹಮ್ಝಾವನ್ನು ಜನ ಬಿಡುತ್ತಾರೆ, ಈಜಿಪ್ಟಿನವರು ಪದಾಂತ್ಯದ ಯಾ ಕೆಳಗೆ ಚುಕ್ಕಿ ಇಡುವುದಿಲ್ಲ. ಆಡುನುಡಿಗೆ ಅರಬ್ಬಿ ಲಿಪಿಯಲ್ಲೂ ಗೊತ್ತಾದ ಕಾಗುಣಿತ ಇರಲಿಲ್ಲ. ನಿಝಾರ್ ಹಬಾಶ್ ಮತ್ತು ಸಂಗಡಿಗರು 2012ರಲ್ಲಿ ‘ಕೋಡಾ’ ಎಂಬ ಕಾಗುಣಿತ ಪದ್ಧತಿಯನ್ನು ಮುಂದಿಟ್ಟದ್ದು ಈ ಕೊರತೆ ತುಂಬಲು. ಅದು ಜನರ ಬಳಕೆಗೆಂದು ಹೊರಟದ್ದಲ್ಲ, ಯಂತ್ರಕ್ಕೆ ನಿಲ್ಲಲು ಒಂದು ನೆಲೆ.

ಬಳಕೆದಾರರ ಕೈಗೆ ಸಿಕ್ಕ ಉಪಕರಣಗಳಲ್ಲಿ ಯಮ್ಲಿ ಮುಖ್ಯವಾದದ್ದು. 2006ರ ಬೇಸಗೆಯಲ್ಲಿ ಲೆಬನಾನಿನಲ್ಲಿ ಯುದ್ಧ ನಡೆಯುತ್ತಿದ್ದಾಗ ಅಮೆರಿಕದಲ್ಲಿದ್ದ ಹಬೀಬ್ ಹದ್ದಾದ್ ಅವರಿಗೆ ತಾಯ್ನಾಡಿನ ಸುದ್ದಿ ಬೇಕಿತ್ತು, ಅರಬ್ಬಿ ಕೀಲಿಮಣೆ ಇರಲಿಲ್ಲ. ಇಮಾದ್ ಜುರೈದೀನಿ ಅವರೊಡನೆ ಸೇರಿ ಕಟ್ಟಿದ ಯಮ್ಲಿ 2007ರಲ್ಲಿ ಬಂತು. ರೋಮನ್ನಿನಲ್ಲಿ ಬರೆಯುತ್ತ ಹೋದಂತೆ ಅದು ಅರಬ್ಬಿ ಪದವನ್ನು ತೋರಿಸುತ್ತಿತ್ತು. ಬೇಡವೆಂದರೆ ಪದವನ್ನು ಒತ್ತಿ ಉಳಿದ ರೂಪಗಳ ಪಟ್ಟಿಯಿಂದ ಬೇರೊಂದನ್ನು ಆರಿಸಬಹುದಿತ್ತು. 2009ರಲ್ಲಿ ಗೂಗಲ್ ತನ್ನ ಅರಬ್ಬಿ ಲಿಪ್ಯಂತರ ಉಪಕರಣಕ್ಕೆ ‘ತಅರೀಬ್’ ಎಂದು ಹೆಸರಿಟ್ಟಿತು. ಹೆಸರಿನ ನಡುವಿನ ಐನ್ ಬದಲು 3 ಅಂಕಿಯನ್ನೇ ಬರೆಯಿತು. ಹುಡುಗರ ಕಾಗುಣಿತಕ್ಕೆ ಅಷ್ಟರಮಟ್ಟಿಗೆ ಮನ್ನಣೆ ಸಿಕ್ಕಿತೆನ್ನಬೇಕು.

ಯಮ್ಲಿಯ ಆ ಪಟ್ಟಿ ನನಗೆ ಬಹಳ ಮುಖ್ಯವಾಗಿ ಕಾಣುತ್ತದೆ. ಯಂತ್ರ ತನ್ನ ಊಹೆಯನ್ನು ಹೇಳಿತು, ಉಳಿದ ಊಹೆಗಳನ್ನೂ ಮುಂದಿಟ್ಟಿತು, ತೀರ್ಪನ್ನು ಬರೆದವರಿಗೆ ಬಿಟ್ಟಿತು. ಇಂದಿನ ದೊಡ್ಡ ಹುಡುಕುಯಂತ್ರಗಳು ಅದಕ್ಕಿಂತ ಎಷ್ಟೋ ಹೆಚ್ಚು ಬಲ್ಲವು. ಬಳಕೆದಾರ ಎಲ್ಲಿದ್ದಾನೆ, ಸ್ವಲ್ಪ ಹೊತ್ತಿನ ಹಿಂದೆ ಏನು ಹುಡುಕಿದ, ಹಿಂದೆ ಈ ಸಾಲನ್ನು ಬರೆದವರು ಯಾವ ಫಲಿತಾಂಶವನ್ನು ಒತ್ತಿದರು, ಇವೆಲ್ಲ ಅವುಗಳಿಗೆ ಸುಳಿವು. ಸಾಮಾನ್ಯವಾಗಿ ಸುಳಿವು ಸರಿಯೇ ಇರುತ್ತದೆ. ಕೈರೋದಿಂದ ಹರಮ್ ಎಂದರೆ ಪಿರಮಿಡ್ಡು, ರಿಯಾದಿನಿಂದ ಎಂದರೆ ಮೆಕ್ಕಾ. ಆದರೆ ಮೆಕ್ಕಾದ ಉಮ್ರಾ ಯಾತ್ರೆಗೆ ಹೊರಟ ಕೈರೋದ ಮುದುಕ ಹುಡುಕುವುದು ಕೈರೋದಲ್ಲಿ ಕೂತೇ ಅಲ್ಲವೆ? ಅವನ ಊರೇ ಅವನ ಪ್ರಶ್ನೆಗೆ ಅಡ್ಡ ಬರುತ್ತದೆ. ಬಹುಜನರ ಅರ್ಥ ಗೆದ್ದಂತೆಲ್ಲ ಅದನ್ನು ಒತ್ತುವವರು ಹೆಚ್ಚುತ್ತಾರೆ, ಒತ್ತುವವರು ಹೆಚ್ಚಿದಂತೆಲ್ಲ ಅದು ಇನ್ನಷ್ಟು ಗೆಲ್ಲುತ್ತದೆ. ಸಣ್ಣ ಊರಿನ ಹೆಸರು, ಅಪರೂಪದ ಕವಿ, ಮಾರಿಟಾನಿಯಾದ ಆಡುನುಡಿ ಇವೆಲ್ಲ ಆ ಭಾರದಡಿ ಸಿಕ್ಕಿಕೊಳ್ಳುತ್ತವೆ.

ಇಲ್ಲಿ ನನ್ನ ಅಭಿಪ್ರಾಯವನ್ನು ಮುಚ್ಚುಮರೆಯಿಲ್ಲದೆ ಹೇಳುತ್ತೇನೆ. ಊಹಿಸುವುದು ಯಂತ್ರದ ತಪ್ಪಲ್ಲ, ಊಹಿಸದೆ ಅದಕ್ಕೆ ಗತ್ಯಂತರವಿಲ್ಲ. ಊಹಿಸಿದ್ದನ್ನು ಹೇಳದಿರುವುದು ತಪ್ಪು. ‘ಹರಮ್ ಎಂದದ್ದನ್ನು ಪಿರಮಿಡ್ಡು ಎಂದು ತಿಳಿದಿದ್ದೇನೆ, ಮೆಕ್ಕಾದ ಮಸೀದಿಯೆ?’ ಎಂಬ ಒಂದು ಸಾಲನ್ನು ಫಲಿತಾಂಶದ ತಲೆಯ ಮೇಲೆ ತೋರಿಸಲು ದೊಡ್ಡ ವಿಜ್ಞಾನವೇನೂ ಬೇಡ. ಈಚೆಗೆ ಪಟ್ಟಿಯ ಬದಲು ನೇರವಾಗಿ ಉತ್ತರವನ್ನೇ ಕೊಡುವ ಯಂತ್ರಗಳು ಬಂದಿವೆ. ಅಲ್ಲಿ ಈ ಅಪಾಯ ಹೆಚ್ಚು. ಹತ್ತು ಕೊಂಡಿಗಳ ಪಟ್ಟಿಯಲ್ಲಿ ತಪ್ಪು ಅರ್ಥ ಕಣ್ಣಿಗೆ ಬೀಳುತ್ತದೆ; ಹದವಾಗಿ ಹೆಣೆದ ಒಂದು ಪ್ಯಾರಾದಲ್ಲಿ ಅದು ಕಾಣುವುದಿಲ್ಲ. ‘ದವಾ’ ಎಂದರೆ ಔಷಧ. ನಡುವೆ ಐನ್ ಸೇರಿದರೆ ಆಹ್ವಾನ, ಧರ್ಮಬೋಧೆ, ನ್ಯಾಯಾಲಯದ ದಾವೆ. ನಮ್ಮ ಕನ್ನಡದ ‘ದಾವೆ’ ಇದೇ ಪದ. ಇವುಗಳಲ್ಲಿ ಯಾವುದಕ್ಕೆ ಉತ್ತರ ಹೇಳುತ್ತಿದ್ದೇನೆಂದು ಯಂತ್ರ ಮೊದಲು ಹೇಳಬೇಕು.

ಇನ್ನು ಕೊನೆಯ ಭಾಗ. ಅರಬ್ಬಿಯನ್ನು ರೋಮನ್ನಿನಲ್ಲಿ ಬರೆಯುವವರೆಲ್ಲ ಅರಬ್ಬರಲ್ಲ. ಮಂಗಳೂರು, ಉಡುಪಿ, ಭಟ್ಕಳದ ಕಡೆಯಿಂದ ಸೌದಿಗೂ ದುಬೈಗೂ ಕತಾರಿಗೂ ಹೋಗಿ ದುಡಿಯುವವರು ಕಚೇರಿಯ ಅರಬ್ಬಿ ಪದಗಳನ್ನು ಕಿವಿಯಿಂದ ಕಲಿಯುತ್ತಾರೆ. ಅವರಿಗೆ 3 ಗೊತ್ತಿಲ್ಲ, 7 ಗೊತ್ತಿಲ್ಲ. ತುಳುವಿನ, ಬ್ಯಾರಿಯ, ನವಾಯತಿಯ, ಕನ್ನಡದ ಕಿವಿಗೆ ಬಿದ್ದದ್ದನ್ನು ಬಿದ್ದ ಹಾಗೆ ಬರೆಯುತ್ತಾರೆ. ವಾಸದ ಪರವಾನಗಿಗೆ ಅಲ್ಲಿ ‘ಇಕಾಮಾ’ ಎನ್ನುತ್ತಾರೆ. ನಮ್ಮವರ ಬರಹದಲ್ಲಿ ಅದು ‘ಅಕಾಮ’, ‘ಇಗಾಮ’ ಕೂಡ ಆಗುತ್ತದೆ. ನಮಾಝಿಗೆ ನಿಲ್ಲುವ ಮುನ್ನ ಕೊಡುವ ಎರಡನೆಯ ಕರೆಗೂ ಇಕಾಮಾ ಎಂದೇ ಹೆಸರು. ‘ಇಕಾಮಾ ಸಮಯ’ ಎಂದು ಹುಡುಕಿದವನು ಮಸೀದಿಯ ವೇಳಾಪಟ್ಟಿ ಕೇಳಿದನೋ ಪರವಾನಗಿಯ ಅವಧಿ ಮುಗಿಯುವ ದಿನ ಕೇಳಿದನೋ?

ಇದಕ್ಕಿಂತ ಗಂಭೀರವಾದದ್ದು ‘ಖುರೂಜ್’. ಸೌದಿಯಿಂದ ಊರಿಗೆ ಹೋಗಿ ಮರಳುವ ಅನುಮತಿ ‘ಖುರೂಜ್ ವ ಔದಾ’. ಕೆಲಸ ಮುಗಿಸಿ ಶಾಶ್ವತವಾಗಿ ಹೊರಡುವುದು ‘ಖುರೂಜ್ ನಿಹಾಯಿ’. ಮೊದಲನೆಯದನ್ನು ಪಡೆದವನು ಅದೇ ಕೆಲಸಕ್ಕೆ ಮರಳಬಹುದು, ಎರಡನೆಯದನ್ನು ಪಡೆದವನು ಆ ಪರವಾನಗಿಯ ಮೇಲೆ ಮರಳಲಾರ. ಬರೀ ‘ಕುರುಜ್’ ಎಂದು ಬರೆದು ವಿಧಾನ ಹುಡುಕುವ ಕಾರ್ಮಿಕನಿಗೆ ಯಂತ್ರ ಎರಡರಲ್ಲಿ ಒಂದನ್ನು ತಾನೇ ಆರಿಸಿ ವಿವರಿಸಿತೆನ್ನಿ. ರಜೆಗೆ ಹೊರಟವನ ಜೀವನೋಪಾಯದ ಪ್ರಶ್ನೆ ಅದು. ಇಂಥವರ ಬರಹವನ್ನು ಅರಬ್ಬರ ಅರಬೀಝಿಯ ಮೇಲೆ ಮಾತ್ರ ಪಳಗಿದ ಯಂತ್ರ ಓದಲಾರದು. ಅದಕ್ಕೆ ಅರಬ್ಬಿಯ ಜೊತೆಗೆ ನಮ್ಮ ಕರಾವಳಿಯ ಕಿವಿಯೂ ಬೇಕು.

ನಮ್ಮ ಭಾಷೆಯಲ್ಲೂ ಇದೇ ಕಥೆ ಎಂದು ನಿಮ್ಮಲ್ಲಿ ಹಲವರು ಆಗಲೇ ಅಂದುಕೊಂಡಿರುತ್ತೀರಿ. ಬಲೆ, ಬಳೆ, ಬಾಳೆ ಮೂರನ್ನೂ ನಾವು ರೋಮನ್ನಿನಲ್ಲಿ ಒಂದೇ ರೀತಿ ಬರೆಯುತ್ತೇವೆ. 1998ರಲ್ಲಿ ಬಂದ ಶೇಷಾದ್ರಿವಾಸು ಅವರ ‘ಬರಹ’ ತಂತ್ರಾಂಶ ದೊಡ್ಡಕ್ಷರ ಸಣ್ಣಕ್ಷರಗಳಿಂದ ಲ, ಳ ಭೇದವನ್ನು ಉಳಿಸಿತ್ತು. ಆದರೆ ಹುಡುಕುಪೆಟ್ಟಿಗೆ ಆ ಭೇದವನ್ನು ಗಣನೆಗೆ ತೆಗೆದುಕೊಳ್ಳುವುದಿಲ್ಲ, ನಾವೂ ಬೆರಳ ಅವಸರದಲ್ಲಿ ಬಿಡುತ್ತೇವೆ. ಭಾರತದ ಮಾಹಿತಿ ಶೋಧ ಸಂಶೋಧಕರ ‘ಫೈರ್’ ವೇದಿಕೆ 2013ರಿಂದ ಕೆಲವು ವರ್ಷ ಲಿಪ್ಯಂತರದ ಹುಡುಕಾಟಕ್ಕಾಗಿಯೇ ಸಾಮೂಹಿಕ ಪ್ರಯೋಗಗಳನ್ನು ನಡೆಸಿತು. ಗೂಗಲ್ 2020ರಲ್ಲಿ ಬಿಡುಗಡೆ ಮಾಡಿದ ‘ದಕ್ಷಿಣ’ ಎಂಬ ದತ್ತಸಂಗ್ರಹದ ಹನ್ನೆರಡು ಭಾಷೆಗಳಲ್ಲಿ ಕನ್ನಡವೂ ಒಂದು. ಒಂದು ಪದವನ್ನು ಜನ ರೋಮನ್ನಿನಲ್ಲಿ ಯಾವ ಯಾವ ರೂಪದಲ್ಲಿ ಬರೆಯುತ್ತಾರೆ ಎಂಬುದನ್ನು ಅದು ಕೊಡುತ್ತದೆ. ಕಚ್ಚಾ ಸಾಮಗ್ರಿ ಇಲ್ಲವೆಂದು ಹೇಳುವ ಕಾಲ ಹೋಯಿತು.

ಆದ್ದರಿಂದ ಈ ಸಭೆಯಲ್ಲಿರುವ ಗ್ರಂಥಪಾಲಕರಲ್ಲಿ, ಗಣಕ ವಿಭಾಗದ ವಿದ್ಯಾರ್ಥಿಗಳಲ್ಲಿ ನನ್ನದೊಂದು ವಿನಂತಿ. ನಿಮ್ಮ ಗ್ರಂಥಾಲಯದ ಗಣಕೀಕೃತ ಸೂಚಿಯಲ್ಲಿ ಓದುಗರು ಟೈಪ್ ಮಾಡಿ ಏನೂ ಸಿಗದೆ ಹಿಂತಿರುಗಿದ ಸಾಲುಗಳನ್ನು, ಹುಡುಕಿದವರ ಗುರುತನ್ನು ಅಳಿಸಿ, ಒಂದು ವರ್ಷ ಕೂಡಿಡಿ. ಆ ಸಾಲುಗಳನ್ನು ತಪ್ಪು ಕಾಗುಣಿತವೆಂದು ಬದಿಗಿಡದೆ ಒಂದೊಂದಕ್ಕೂ ಎಷ್ಟು ಅರ್ಥ ಸಾಧ್ಯ ಎಂದು ಪಕ್ಕದಲ್ಲಿ ಬರೆಯಿರಿ. ಮುಂದಿನ ವರ್ಷದ ಸೂಚಿಯಲ್ಲಿ ‘ಬಲೆ’ ಎಂದು ಹುಡುಕಿದವರಿಗೆ ಬಳೆಯ ಪುಸ್ತಕವನ್ನೂ ಬಾಳೆಯ ಪುಸ್ತಕವನ್ನೂ ತೋರಿಸಿ, ಯಾವುದು ಬೇಕೆಂದು ಕೇಳಿ. ಇದಕ್ಕೆ ಬೇಕಾದ ತಂತ್ರಜ್ಞಾನ ಈಗಾಗಲೇ ನಿಮ್ಮ ಮೇಜಿನ ಮೇಲಿದೆ.